ತ್ಯಾಗವೀರ ಶಿರಸಂಗಿ ಲಿಂಗರಾಜರು

ಮುಂಬಯಿ ಇಲಾಖೆಯ ಕನ್ನಡ ಜಿಲ್ಲೆಗಳಲ್ಲಿ ವಿದ್ಯೆಗಾಗಿ ಸರ್ವಸ್ವವನ್ನೂ ಧಾರೆಯೆರೆದವರ ಹೆಸರು ಹೇಳುವಾಗ ಮೊದಲು ನೆನಪಾಗುವವರು ಶಿರಸಂಗಿಯ ಲಿಂಗರಾಜ ದೇಸಾಯಿಯವರು. ಇಂದು ಹಾವೇರಿ ಜಿಲ್ಲೆಗೆ ಸೇರಿರುವ ಶಿಗ್ಗಾವಿಯಲ್ಲಿ 1861ರ ಜನವರಿ 10ರಂದು ಅವರು ಹುಟ್ಟಿದರು. ತಂದೆತಾಯಿಗಳು ಇಟ್ಟ ಹೆಸರು ರಾಮಪ್ಪ. ಸವದತ್ತಿ ಸೀಮೆಯ ಶಿರಸಂಗಿ ದೇಸಗತಿಗೆ ಬಾಲ್ಯದಲ್ಲೇ ದತ್ತಕವಾಗಿ ಹೋದ ಬಳಿಕ ಅವರು ಲಿಂಗರಾಜರಾದರು.

ದೇಸಾಯಿ ಎಂದರೆ ಊರುಗಳ ಉತ್ಪನ್ನ, ವಾಡೆ, ಆಳುಕಾಳು, ಮೆರವಣಿಗೆ. ಲಿಂಗರಾಜರ ಮನಸ್ಸು ಆ ವೈಭವದಲ್ಲಿ ನಿಲ್ಲಲಿಲ್ಲ. ಆ ಕಾಲದಲ್ಲಿ ಕನ್ನಡ ನಾಡಿನ ಹಳ್ಳಿಯ ಹುಡುಗನಿಗೆ ಮೇಲಿನ ಓದು ಕೈಗೆಟುಕದ ಮಾತಾಗಿತ್ತು. ಪುಣೆಗೋ ಮುಂಬಯಿಗೋ ಹೋಗಬೇಕಾದರೆ ಹಣ ಬೇಕು, ನೆಲೆ ಬೇಕು. 1883ರಲ್ಲಿ ಧಾರವಾಡದಲ್ಲಿ ಲಿಂಗಾಯತ ವಿದ್ಯಾಭಿವೃದ್ಧಿ ಸಂಸ್ಥೆ ಹುಟ್ಟಿದಾಗ ಗಿಲಗಂಚಿ ಗುರುಸಿದ್ಧಪ್ಪ, ಅರಟಾಳ ರುದ್ರಗೌಡರಂಥವರ ಬೆನ್ನಿಗೆ ನಿಂತವರಲ್ಲಿ ಲಿಂಗರಾಜರೂ ಒಬ್ಬರು. 1904ರಲ್ಲಿ ಅಖಿಲ ಭಾರತ ವೀರಶೈವ ಮಹಾಸಭೆ ಧಾರವಾಡದಲ್ಲಿ ಮೊದಲ ಬಾರಿ ಸೇರಿದಾಗ ಅಧ್ಯಕ್ಷಪೀಠ ಅವರಿಗೇ ಬಂತು.

ಅವರಿಗೆ ವಂಶ ಮುಂದುವರಿಸುವ ಮಕ್ಕಳು ಉಳಿಯಲಿಲ್ಲ. ದೇಸಗತಿಗೆ ಇನ್ನೊಬ್ಬ ದತ್ತಕ ಮಗನನ್ನು ತರುವುದು ಲೋಕರೂಢಿ. ಲಿಂಗರಾಜರು ಆ ರೂಢಿಯನ್ನು ಬಿಟ್ಟು, ಬಡ ವಿದ್ಯಾರ್ಥಿಗಳೇ ತಮ್ಮ ಮಕ್ಕಳೆಂದು ಬಗೆದರು. ಆಸ್ತಿಯನ್ನು ಅವರ ಓದಿಗೆ ಮೀಸಲಿಟ್ಟು 1906ರಲ್ಲಿ ಮೃತ್ಯುಪತ್ರ ಬರೆದರು. ಅದೇ ವರ್ಷ ಆಗಸ್ಟ್ 23ರಂದು, ನಲವತ್ತೈದರ ವಯಸ್ಸಿನಲ್ಲಿ ತೀರಿಕೊಂಡರು.

ಆ ಬಳಿಕ ನಡೆದುದನ್ನು ಶಾಲೆ ನಡೆಸುವವರೆಲ್ಲರೂ ತಿಳಿದಿರಬೇಕು. ಮನೆತನದೊಳಗಿನಿಂದಲೇ ಮೃತ್ಯುಪತ್ರದ ವಿರುದ್ಧ ದಾವೆ ಎದ್ದಿತು. ಆಸ್ತಿ ಯಾರದು, ಅದನ್ನು ನಡೆಸುವ ಅಧಿಕಾರ ಯಾರದು ಎಂಬ ವಾದ ವರ್ಷಗಟ್ಟಲೆ ನಡೆಯಿತು. ದಾನಿ ಕೊಟ್ಟಾಗಿತ್ತು, ಆದರೆ ಕೊಟ್ಟದ್ದು ಹುಡುಗರ ಕೈ ಸೇರಲು ಕೋರ್ಟಿನ ಕಟ್ಟೆ ಇಳಿಯಬೇಕಾಯಿತು. ಆ ವರ್ಷಗಳಲ್ಲಿ ಶಾಲೆ ಬಿಟ್ಟ ಹುಡುಗರಿಗೆ ಆಮೇಲೆ ಬಂದ ತೀರ್ಪಿನಿಂದ ಏನು ಪ್ರಯೋಜನ?

ಕೊನೆಗೂ ಮೃತ್ಯುಪತ್ರವೇ ಗೆದ್ದಿತು. ನವಲಗುಂದ–ಶಿರಸಂಗಿ ಟ್ರಸ್ಟ್ ನಡೆಯತೊಡಗಿ ಬಡ ವಿದ್ಯಾರ್ಥಿಗಳಿಗೆ ನೆರವಾಯಿತು. ಆ ಟ್ರಸ್ಟಿನ ಅಧ್ಯಕ್ಷಸ್ಥಾನ ಬೆಳಗಾವಿಯ ಜಿಲ್ಲಾಧಿಕಾರಿಗೆ ಸೇರಿದ್ದು. ಯಾವ ಒಂದು ಮನೆತನದ ಸೊತ್ತೂ ಅಲ್ಲ. ವ್ಯಕ್ತಿ ಬದಲಾದರೂ ಪೀಠ ಉಳಿಯುತ್ತದೆ ಎಂಬ ಈ ಏರ್ಪಾಡು ಹಣದಷ್ಟೇ ಬೆಲೆಯುಳ್ಳದ್ದು. 1916ರಲ್ಲಿ ಬೆಳಗಾವಿಯಲ್ಲಿ ತರುಣ ಶಿಕ್ಷಕರು ಕಟ್ಟಿದ ಕರ್ನಾಟಕ ಲಿಂಗಾಯತ ಶಿಕ್ಷಣ ಸಂಸ್ಥೆ, 1933ರಲ್ಲಿ ತೆರೆದ ತನ್ನ ಕಾಲೇಜಿಗೆ ಲಿಂಗರಾಜರ ಹೆಸರನ್ನೇ ಇಟ್ಟಿತು.

ಲಿಂಗರಾಜರ ಕಾಲದಲ್ಲಿ ಸೊಲ್ಲಾಪುರವೂ ಬೆಳಗಾವಿಯೂ ಒಂದೇ ಇಲಾಖೆಯಲ್ಲಿದ್ದವು. ಇಂದು ಸೊಲ್ಲಾಪುರ, ಅಕ್ಕಲಕೋಟೆ, ವಳಸಂಗದ ಕನ್ನಡಿಗರು ಮಹಾರಾಷ್ಟ್ರದಲ್ಲಿದ್ದಾರೆ, ನಾವು ಕೇರಳದಲ್ಲಿದ್ದೇವೆ. ಅಲ್ಲಿ 1950ರ ಸಾರ್ವಜನಿಕ ವಿಶ್ವಸ್ಥ ಸಂಸ್ಥೆಗಳ ಕಾನೂನಿನಂತೆ ಆಡಳಿತ ಮಂಡಳಿಯ ಸದಸ್ಯರು ಬದಲಾದರೆ ಧರ್ಮಾದಾಯ ಅಧಿಕಾರಿಗಳಿಗೆ ವರದಿ ಸಲ್ಲಿಸಬೇಕು. ಎದುರು ಗುಂಪು ತಕರಾರು ಹಾಕಿದರೆ ವಿಚಾರಣೆ, ಅದರ ಮೇಲೆ ಮೇಲ್ಮನವಿ. ನಮ್ಮಲ್ಲಿ ಅನುದಾನಿತ ಶಾಲೆಯ ಮೆನೇಜರನಿಗೆ ಶಿಕ್ಷಣ ಇಲಾಖೆಯ ಮಾನ್ಯತೆ ಬೇಕು. ಕಾನೂನು ಬೇರೆಯಾದರೂ ಫಲ ಒಂದೇ: ಸದಸ್ಯತ್ವದ ಜಗಳ ಮುಗಿಯುವ ತನಕ ಯಾರ ಸಹಿ ನಡೆಯುತ್ತದೆ ಎಂಬುದು ತಿಳಿಯದು, ಶಿಕ್ಷಕರ ನೇಮಕ ನಿಲ್ಲುತ್ತದೆ.

ದೊಡ್ಡ ಭಾಷೆಯ ಶಾಲೆಯೊಂದು ಹಾಗೆ ಸೊರಗಿದರೆ ಮಕ್ಕಳಿಗೆ ಪಕ್ಕದಲ್ಲೇ ಇನ್ನೊಂದು ಶಾಲೆ ಸಿಗುತ್ತದೆ. ಗಡಿಯ ಕನ್ನಡ ಶಾಲೆ ಸೊರಗಿದರೆ ಮಕ್ಕಳು ಹೋಗುವುದು ಬೇರೆ ಭಾಷೆಯ ಶಾಲೆಗೆ. ಹೋದವರು ಮರಳುವುದು ವಿರಳ. ಆದುದರಿಂದ ಸಂಘದ ನಿಯಮಾವಳಿ ಸ್ಪಷ್ಟವಾಗಿರಲಿ, ಸದಸ್ಯರ ಪಟ್ಟಿ ವರ್ಷವರ್ಷವೂ ಸರಿಯಾಗಿರಲಿ, ಸಭೆಯ ನಡಾವಳಿ ಅಂದಂದೇ ಬರೆದಿರಲಿ. ಊರಿನ ಮಕ್ಕಳನ್ನು ತನ್ನ ವಾರಸುದಾರರನ್ನಾಗಿ ಮಾಡಿಕೊಂಡ ಆ ದೇಸಾಯಿಯ ಹೆಸರು ಹೇಳುವ ನಾವು, ಮಕ್ಕಳ ಪಾಲನ್ನು ವಕೀಲರ ಫೀಸಿಗೆ ಸುರಿಯದಿದ್ದರೆ ಅದೇ ಅವರಿಗೆ ಸಲ್ಲುವ ಗೌರವ.