ಕಿತ್ತೂರಿನ ಗಾದಿ, ಅತ್ತೆ ಮತ್ತು ಸೊಸೆ

ಕಿತ್ತೂರು ಚೆನ್ನಮ್ಮ ಅಂದ್ರೆ ನಮ್ಮಲ್ಲಿ ತುಂಬಾ ಜನಕ್ಕೆ ಮೊದಲು ನೆನಪಾಗೋದು ಸ್ಕೂಲಿನ ಫ್ಯಾನ್ಸಿ ಡ್ರೆಸ್. ಕೈಯಲ್ಲಿ ರಟ್ಟಿನ ಕತ್ತಿ, ಬಾಯಲ್ಲಿ ಕಪ್ಪದ ಡೈಲಾಗ್. ಆದ್ರೆ 1824ರಲ್ಲಿ ಜಗಳ ಹೊತ್ತಿಕೊಂಡಿದ್ದು ಬೇರೆ ವಿಷಯಕ್ಕೆ. ಗಾದಿ ಮೇಲೆ ಯಾರು ಕೂರಬೇಕು ಅಂತ ತೀರ್ಮಾನ ಮಾಡೋರು ಮನೆಯವರಾ, ಕಂಪನಿಯವರಾ?

ಚೆನ್ನಮ್ಮ ಹುಟ್ಟಿದ್ದು 1778ರಲ್ಲಿ, ಬೆಳಗಾವಿ ಪಕ್ಕದ ಕಾಕತಿಯ ದೇಸಾಯರ ಮನೆಯಲ್ಲಿ. ಕುದುರೆ ಸವಾರಿ, ಕತ್ತಿವರಸೆ ಕಲಿತಿದ್ದರು. ಸುಮಾರು 15ನೇ ವಯಸ್ಸಿಗೆ, ಅಂದ್ರೆ ನಾವು ಎಸ್‌ಎಸ್‌ಎಲ್‌ಸಿ ಬರೆಯೋ ವಯಸ್ಸಿಗೆ, ಕಿತ್ತೂರಿನ ದೊರೆ ಮಲ್ಲಸರ್ಜರ ಕಿರಿಯ ರಾಣಿಯಾಗಿ ಬಂದರು. ಹಿರಿಯ ರಾಣಿ ರುದ್ರಮ್ಮ.

ಪೇಶ್ವೆಯ ಸೆರೆಯಲ್ಲಿದ್ದು ಆರೋಗ್ಯ ಕೆಡಿಸಿಕೊಂಡ ಮಲ್ಲಸರ್ಜರು 1816ರಲ್ಲಿ ತೀರಿಕೊಂಡರು. ರುದ್ರಮ್ಮನವರ ಮಗ ಶಿವಲಿಂಗರುದ್ರಸರ್ಜ ದೊರೆಯಾದರು. 1818ರಲ್ಲಿ ಪೇಶ್ವೆ ವಿರುದ್ಧ ಕಂಪನಿಗೆ ಸಹಾಯ ಮಾಡಿದ್ದಕ್ಕೆ ಕಿತ್ತೂರು ಅವರ ಕೈಯಲ್ಲೇ ಉಳೀತು, ವರ್ಷಕ್ಕಿಷ್ಟು ಹಣ ಕಟ್ಟೋ ಒಪ್ಪಂದದ ಮೇಲೆ.

1824ರ ಸೆಪ್ಟೆಂಬರ್‌ನಲ್ಲಿ ಅವರೂ ಮಕ್ಕಳಿಲ್ಲದೆ ತೀರಿಕೊಂಡರು. ಮಾಸ್ತಮರಡಿ ಗೌಡರ ಮಗ ಶಿವಲಿಂಗಪ್ಪನನ್ನು ದತ್ತು ತಗೊಂಡಿದ್ದರು. ಹೆಂಡತಿ ವೀರವ್ವ ಇನ್ನೂ ಚಿಕ್ಕವಳು. ಹೀಗೆ ಇಡೀ ಸಂಸ್ಥಾನ ಒಬ್ಬ ದತ್ತು ಹುಡುಗ ಮತ್ತು ಒಬ್ಬ ಎಳೆಯ ವಿಧವೆಯ ಹೆಸರಿಗೆ ಬಂದು ನಿಂತಿತು. ಧಾರವಾಡದ ಕಲೆಕ್ಟರ್ ಥ್ಯಾಕರೆ ದತ್ತು ಪತ್ರದ ಸಹಿ ಮೇಲೆ ಸಂಶಯಪಟ್ಟು, ದತ್ತು ಒಪ್ಪದೆ, ಖಜಾನೆಗೆ ಸೀಲ್ ಹಾಕಿಸಿದ.

ಇಲ್ಲಿ ಒಂದು ವಿಷಯ ಗಮನಿಸಬೇಕು. ದತ್ತು ಬಂದ ಹುಡುಗ ಚೆನ್ನಮ್ಮನ ಸ್ವಂತ ಮೊಮ್ಮಗನಲ್ಲ, ವೀರವ್ವ ಸ್ವಂತ ಮಗನ ಹೆಂಡತಿಯೂ ಅಲ್ಲ. ಎಲ್ಲ ಸವತಿಯ ಕಡೆಯವರು. ಆದ್ರೂ ಆ ಸೊಸೆ, ಆ ಹುಡುಗನ ಪರವಾಗಿ ನಿಂತು ಬಾಂಬೆ ಗವರ್ನರ್ ಎಲ್ಫಿನ್‌ಸ್ಟನ್‌ಗೆ ಬರೆದರು. ಉಪಯೋಗ ಆಗಲಿಲ್ಲ.

ಅಕ್ಟೋಬರ್ 23ರಂದು ಥ್ಯಾಕರೆ ತೋಪು ತಂದು ಕೋಟೆ ಮುಂದೆ ನಿಂತ. ಬಾಗಿಲು ತೆರೆದು ಕಿತ್ತೂರಿನವರೇ ನುಗ್ಗಿದರು. ಥ್ಯಾಕರೆ ಅಮಟೂರ ಬಾಳಪ್ಪನ ಗುಂಡಿಗೆ ಸತ್ತ. ಸ್ಟೀವನ್ಸನ್, ಎಲಿಯಟ್ ಅನ್ನೋ ಇಬ್ಬರು ಅಧಿಕಾರಿಗಳು ಸೆರೆಸಿಕ್ಕರು. ಚೆನ್ನಮ್ಮ ಅವರ ಜೀವಕ್ಕೆ ಏನೂ ಆಗದ ಹಾಗೆ ನೋಡಿಕೊಂಡು, ಡಿಸೆಂಬರ್ ಮೊದಲ ವಾರ ಬಿಟ್ಟುಬಿಟ್ಟರು. ಈ ಎಲಿಯಟ್ ಮುಂದೆ ನಮ್ಮ ಭಾಗದ ನೂರಾರು ಶಾಸನಗಳ ಪ್ರತಿ ಸಂಗ್ರಹಿಸಿದ ಅಂದ್ರೆ ನಂಬ್ತೀರಾ?

ಕಂಪನಿ ದೊಡ್ಡ ಸೈನ್ಯದ ಜೊತೆ ವಾಪಸ್ ಬಂತು. ಡಿಸೆಂಬರ್ 5ಕ್ಕೆ ಕೋಟೆ ಬಿತ್ತು. ಚೆನ್ನಮ್ಮ, ವೀರವ್ವ ಇಬ್ಬರನ್ನೂ ಬೈಲಹೊಂಗಲದಲ್ಲಿ ಸೆರೆಯಲ್ಲಿಟ್ಟರು. 1829ರ ಫೆಬ್ರವರಿಯಲ್ಲಿ ಚೆನ್ನಮ್ಮ ಅಲ್ಲೇ ತೀರಿಕೊಂಡರು. ಸೊಸೆ ಸೆರೆಯಲ್ಲೇ ಉಳಿದಳು. ಅದೇ ಶಿವಲಿಂಗಪ್ಪನನ್ನು ಗಾದಿಗೆ ತರಬೇಕು ಅಂತ ಹೊರಟ ಸಂಗೊಳ್ಳಿ ರಾಯಣ್ಣನನ್ನು 1831ರ ಜನವರಿಯಲ್ಲಿ ನಂದಗಡದಲ್ಲಿ ಗಲ್ಲಿಗೇರಿಸಿದರು.

ದತ್ತು ಒಪ್ಪದೆ ರಾಜ್ಯ ನುಂಗೋದಕ್ಕೆ ನಾವು ಡಾಲ್‌ಹೌಸಿಯ ಹೆಸರು ಹೇಳ್ತೀವಿ. ಅವನು ಭಾರತಕ್ಕೆ ಬಂದಿದ್ದು 1848ರಲ್ಲಿ. ಕಿತ್ತೂರಿನದ್ದು ಅದಕ್ಕಿಂತ 24 ವರ್ಷ ಮುಂಚಿನ ಮಾತು. ನರಗುಂದದ ಬಾಬಾಸಾಹೇಬರಿಗೂ ದತ್ತು ಸಿಗಲಿಲ್ಲ. 1858ರಲ್ಲಿ ಅವರ ಕಡೆಯವರು ರಾಮದುರ್ಗ ಹತ್ತಿರದ ಸುರೇಬಾನದಲ್ಲಿ ಬ್ರಿಟಿಷ್ ಅಧಿಕಾರಿ ಮ್ಯಾನ್ಸನ್‌ನನ್ನು ಕೊಂದರು. ಸಂಸ್ಥಾನ ಹೋಯ್ತು. ಅವರ ತಾಯಿ, ಹೆಂಡತಿ ಮಲಪ್ರಭೆಗೆ ಬಿದ್ದು ಪ್ರಾಣಬಿಟ್ಟರು. ಗಾದಿ ವಿಷಯದಲ್ಲಿ ಗಂಡಸರು ಬರೆದ ಪತ್ರಗಳ ಬೆಲೆಯನ್ನು ಮತ್ತೆ ಮನೆಯ ಹೆಣ್ಣುಮಕ್ಕಳೇ ತೆತ್ತರು.

ಕಿತ್ತೂರು ಕೋಟೆ ನೋಡೋಕೆ ಹೋದವರು ಬೈಲಹೊಂಗಲಕ್ಕೂ ಒಂದ್ಸಲ ಹೋಗಿ ಬನ್ನಿ, ದೂರ ಏನಿಲ್ಲ. ಚೆನ್ನಮ್ಮನ ಸಮಾಧಿ ಊರೊಳಗೇ ಇದೆ. ಅಲ್ಲಿ ನಿಂತಾಗ ವೀರವ್ವನ ಹೆಸರೂ ನೆನಪಿರಲಿ.