ಆಗುಂಬೆಯಲ್ಲಿ ಮಾಲ್ಗುಡಿ ಕಟ್ಟಿದ ಶಂಕರ್‌ನಾಗ್: ಒಬ್ಬನ ಹೆಗಲ ಮೇಲೆ ನಿಂತಿದ್ದ ವ್ಯವಹಾರದ ಕಥೆ

ರಾಜ್ಯದ ಯಾವ ಊರಿನ ಆಟೋ ಸ್ಟ್ಯಾಂಡಿಗೆ ಹೋದರೂ ಶಂಕರ್‌ನಾಗ್ ಫೋಟೋ ಸಿಗುತ್ತದೆ. ಅವರು ತೀರಿಕೊಂಡ ಮೇಲೆ ಹುಟ್ಟಿದ ಹುಡುಗರೂ ತಮ್ಮ ಆಟೋದ ಹಿಂದೆ ಶಂಕ್ರಣ್ಣ ಅಂತ ಬರೆಸಿಕೊಳ್ಳುತ್ತಾರೆ. ಆದರೆ ಶೃಂಗೇರಿ, ಕೊಪ್ಪ, ನರಸಿಂಹರಾಜಪುರ ಕಡೆಯವರಿಗೆ ಶಂಕರ್‌ನಾಗ್ ಬರೀ ಆಟೋ ರಾಜ ಅಲ್ಲ. ಶೃಂಗೇರಿಯಿಂದ ಮೂವತ್ತು ಕಿಲೋಮೀಟರ್ ಒಳಗೇ ಇರುವ ಆಗುಂಬೆಗೆ ಬಂದು, ಅಲ್ಲಿನ ಹೆಂಚಿನ ಮನೆಗಳನ್ನೇ ಮಾಲ್ಗುಡಿ ಮಾಡಿ ದೇಶಕ್ಕೆಲ್ಲ ತೋರಿಸಿದವರು ಅವರು.

ಆ ಧಾರಾವಾಹಿಯ ಹೊಗಳಿಕೆ ಎಲ್ಲರಿಗೂ ಗೊತ್ತು. ಅದರ ಹಿಂದಿದ್ದ ವ್ಯವಹಾರದ ಕಥೆ ಅಷ್ಟಾಗಿ ಯಾರೂ ಮಾತಾಡಲ್ಲ. ಒಬ್ಬ ಮನುಷ್ಯ ಹನ್ನೆರಡೇ ವರ್ಷದಲ್ಲಿ ನಾಟಕ ತಂಡ, ಸಿನಿಮಾ, ಟಿವಿ ಧಾರಾವಾಹಿ, ರೆಕಾರ್ಡಿಂಗ್ ಸ್ಟುಡಿಯೋ ಎಲ್ಲ ಕಟ್ಟಿದ. ಆ ಮನುಷ್ಯ ಹೋದ ದಿನ ಏನು ನಿಂತಿತು, ಏನು ಉಳಿಯಿತು ಅನ್ನೋದು ಅಂಗಡಿ, ಮಂಡಿ ಇಟ್ಟುಕೊಂಡವರು ಒಮ್ಮೆ ಯೋಚಿಸಬೇಕಾದ ವಿಷಯ.

ಹೊನ್ನಾವರದಿಂದ ಮುಂಬೈಗೆ

ಶಂಕರ್ ನಾಗರಕಟ್ಟೆ ಹುಟ್ಟಿದ್ದು 1954ರ ನವೆಂಬರ್ 9ರಂದು, ಉತ್ತರ ಕನ್ನಡದ ಹೊನ್ನಾವರದಲ್ಲಿ. ಅಣ್ಣ ಅನಂತ್‌ನಾಗ್ ಆರು ವರ್ಷ ದೊಡ್ಡವರು. ಓದು ಮುಗಿಸಿ ಮುಂಬೈ ಸೇರಿದ ಶಂಕರ್‌ಗೆ ಅಲ್ಲಿನ ಮರಾಠಿ ರಂಗಭೂಮಿಯ ಹುಚ್ಚು ಹಿಡಿಯಿತು. ನಾಟಕದ ಸಹವಾಸದಲ್ಲೇ ಅರುಂಧತಿ ಪರಿಚಯವಾದರು. 1980ರಲ್ಲಿ ಇಬ್ಬರೂ ಮದುವೆಯಾದರು.

ಕನ್ನಡಕ್ಕೆ ಅವರನ್ನು ಕರೆತಂದದ್ದು ಗಿರೀಶ್ ಕಾರ್ನಾಡ್. 1978ರ ‘ಒಂದಾನೊಂದು ಕಾಲದಲ್ಲಿ’ ಚಿತ್ರದಲ್ಲಿ ಕೂಲಿಗೆ ಕತ್ತಿ ಹಿಡಿಯುವ ಯೋಧನ ಪಾತ್ರ. ಆ ಮೊದಲ ಚಿತ್ರಕ್ಕೇ ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಬಂತು. 1980ರಲ್ಲಿ ‘ಆಟೋ ರಾಜ’ ಬಂದು ಹಳ್ಳಿ ಹಳ್ಳಿಗೂ ಹೆಸರು ಹೋಯಿತು. ಅದೇ ವರ್ಷ ‘ಮಿಂಚಿನ ಓಟ’ ನಿರ್ದೇಶಿಸಿ ತಾವು ಬರೀ ನಟ ಅಲ್ಲ ಅಂತ ತೋರಿಸಿಕೊಟ್ಟರು. ಮುಂದೆ ‘ಗೀತಾ’, ‘ಆಕ್ಸಿಡೆಂಟ್’, ಡಾ. ರಾಜ್‌ಕುಮಾರ್ ನಟಿಸಿದ ‘ಒಂದು ಮುತ್ತಿನ ಕಥೆ’ ಬಂದವು. ‘ಆಕ್ಸಿಡೆಂಟ್’ ಚಿತ್ರಕ್ಕೆ ರಾಷ್ಟ್ರ ಪ್ರಶಸ್ತಿಯೂ ಸಿಕ್ಕಿತು.

ಬೆಂಗಳೂರಿನಲ್ಲಿ ಅರುಂಧತಿ ಜೊತೆ ಸೇರಿ ‘ಸಂಕೇತ್’ ಅನ್ನುವ ನಾಟಕ ತಂಡ ಕಟ್ಟಿದರು. ಸಿನಿಮಾದಲ್ಲಿ ಎಷ್ಟೇ ಬಿಡುವಿಲ್ಲದಿದ್ದರೂ ನಾಟಕ ಬಿಡಲಿಲ್ಲ. ಕೆಲಸ ಹೆಚ್ಚಾದಂತೆ ಈ ಸಂಕೇತ್ ಹೆಸರಲ್ಲೇ ಇನ್ನೊಂದು ಸಾಹಸವೂ ಶುರುವಾಯಿತು, ಅದೇ ಸಂಕೇತ್ ಎಲೆಕ್ಟ್ರಾನಿಕ್ಸ್ ಎಂಬ ರೆಕಾರ್ಡಿಂಗ್ ಸ್ಟುಡಿಯೋ. ಆಗ ಕನ್ನಡ ಚಿತ್ರದ ಧ್ವನಿ ಕೆಲಸ ಹೆಚ್ಚಾಗಿ ಮದ್ರಾಸಿನಲ್ಲೇ ನಡೆಯುತ್ತಿತ್ತು. ನಿರ್ಮಾಪಕರು ಡಬ್ಬ ಹೊತ್ತುಕೊಂಡು ಅಲ್ಲಿಗೆ ಹೋಗಿ ಬಾಡಿಗೆ ಕಟ್ಟಿ ಕಾಯಬೇಕು. ಆ ಕೆಲಸ ಬೆಂಗಳೂರಲ್ಲೇ ಆಗಲಿ ಅನ್ನೋದು ಶಂಕರ್ ಲೆಕ್ಕ.

ಟಿವಿ ವ್ಯವಹಾರ ಹೇಗಿತ್ತು?

ಈಗಿನ ಮಕ್ಕಳಿಗೆ ಹೇಳಿದರೆ ನಂಬಲ್ಲ, ಆಗ ಇದ್ದದ್ದು ದೂರದರ್ಶನ ಒಂದೇ. ನಮ್ಮ ಮಲೆನಾಡಿನಲ್ಲಂತೂ ಬಿದಿರು ಗಳಕ್ಕೆ ಆಂಟೆನಾ ಕಟ್ಟಿ, ಒಬ್ಬರು ಅಂಗಳದಲ್ಲಿ ನಿಂತು ತಿರುಗಿಸೋದು, ಇನ್ನೊಬ್ಬರು ಒಳಗಿಂದ ಬಂತು, ಹೋಯ್ತು ಅಂತ ಕೂಗೋದು. ಟಿವಿ ಇದ್ದ ಮನೆಗೆ ಕೇರಿಯವರೆಲ್ಲ ಬಂದು ಸೇರುತ್ತಿದ್ದರು.

1984ರಲ್ಲಿ ‘ಹಮ್ ಲೋಗ್’ ಧಾರಾವಾಹಿ ಬಂದ ಮೇಲೆ ದೂರದರ್ಶನದಲ್ಲಿ ಖಾಸಗಿ ನಿರ್ಮಾಪಕರ ಕಾಲ ಶುರುವಾಯಿತು. ವ್ಯವಹಾರ ಹೀಗೆ: ನಿರ್ಮಾಪಕ ಕೈಯಿಂದ ದುಡ್ಡು ಹಾಕಿ ಧಾರಾವಾಹಿ ತೆಗೆಯಬೇಕು. ದೂರದರ್ಶನ ಒಪ್ಪಿ ಸಮಯ ಕೊಡಬೇಕು. ಸೋಪು, ಟೂತ್‌ಪೇಸ್ಟ್ ಮಾರುವ ಯಾವುದಾದರೂ ಕಂಪನಿ ಪ್ರಾಯೋಜಕನಾಗಿ ಬಂದು ದೂರದರ್ಶನಕ್ಕೆ ಶುಲ್ಕ ಕಟ್ಟಿ, ಬದಲಿಗೆ ತನ್ನ ಜಾಹೀರಾತು ಹಾಕಿಕೊಳ್ಳುತ್ತದೆ. ಆ ಪ್ರಾಯೋಜಕನಿಂದಲೇ ನಿರ್ಮಾಪಕನ ಖರ್ಚೂ ಹುಟ್ಟಬೇಕು. ಒಪ್ಪಿಗೆ ಸಾಮಾನ್ಯವಾಗಿ ಹದಿಮೂರು ಹದಿಮೂರು ಕಂತಿನ ಲೆಕ್ಕದಲ್ಲಿ ಸಿಗುತ್ತಿತ್ತು.

ಅಂದ್ರೆ ಕೊಳ್ಳುವ ಬಾಗಿಲು ಒಂದೇ. ಆ ಬಾಗಿಲು ಮುಚ್ಚಿದರೆ ತೆಗೆದ ಸರಕು ಗೋಡೌನಿನಲ್ಲೇ ಕೊಳೆಯಬೇಕು. ಒಬ್ಬನೇ ವ್ಯಾಪಾರಿಯನ್ನು ನಂಬಿ ಅಡಿಕೆ ಕೊಯ್ಲಿಗೆ ಸಾಲ ಮಾಡಿದ ಹಾಗೆ. ಬಾಗಿಲು ತೆರೆದರೆ ಮಾತ್ರ ದೇಶಕ್ಕೆ ದೇಶವೇ ಗಿರಾಕಿ.

ಆಗುಂಬೆ ಮಾಲ್ಗುಡಿ ಆಯ್ತು

ಆ ಹೊತ್ತಿಗೆ ನಿರ್ಮಾಪಕ ಟಿ.ಎಸ್. ನರಸಿಂಹನ್ ತಮ್ಮ ಪದಂ ರಾಗ್ ಫಿಲ್ಮ್ಸ್ ಸಂಸ್ಥೆಯಿಂದ ಆರ್.ಕೆ. ನಾರಾಯಣ್ ಕಥೆಗಳನ್ನು ಟಿವಿಗೆ ತರಲು ಹೊರಟರು. ನಾರಾಯಣ್ ಮೈಸೂರಿನಲ್ಲಿದ್ದುಕೊಂಡು ಇಂಗ್ಲಿಷಿನಲ್ಲಿ ಬರೆದವರು. ಧಾರಾವಾಹಿ ಹಿಂದಿಯಲ್ಲಿ ಬರಬೇಕು, ಹದಿಮೂರು ಕಂತು ಇಂಗ್ಲಿಷಿನಲ್ಲೂ ಆಗಬೇಕು. ಅಂಥ ಕೆಲಸಕ್ಕೆ ನರಸಿಂಹನ್ ಆರಿಸಿಕೊಂಡದ್ದು ಮೂವತ್ತರ ಆಸುಪಾಸಿನ ಕನ್ನಡ ನಟ ಶಂಕರ್‌ನಾಗ್ ಅವರನ್ನು. ದುಡ್ಡಿನ ಜವಾಬ್ದಾರಿ ನಿರ್ಮಾಪಕರದ್ದು, ಕಟ್ಟುವ ಜವಾಬ್ದಾರಿ ಶಂಕರ್ ಅವರದ್ದು.

ಮಾಲ್ಗುಡಿ ಅನ್ನೋ ಊರು ಯಾವ ನಕ್ಷೆಯಲ್ಲೂ ಇಲ್ಲ. ಅದಕ್ಕೆ ಊರು ಹುಡುಕಬೇಕಿತ್ತು. ಸ್ಟುಡಿಯೋದಲ್ಲಿ ಸೆಟ್ ಹಾಕಿ ಮುಗಿಸಬಹುದಿತ್ತು, ಶಂಕರ್ ಹಾಗೆ ಮಾಡಲಿಲ್ಲ. ವರ್ಷಕ್ಕೆ 7000 ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುವ ಆಗುಂಬೆಗೆ ಬಂದರು. ಜಗಲಿ ಇರುವ ಉದ್ದನೆಯ ಹೆಂಚಿನ ಮನೆಗಳು, ಹಳೇ ಬೀದಿ, ಹಿಂದೆ ಕಾಡು, ಎಲ್ಲ ಇದ್ದ ಹಾಗೇ ಸಿಕ್ಕಿತು. ಅಲ್ಲಿನ ದೊಡ್ಡಮನೆಯೇ ಕಥೆಯ ಸ್ವಾಮಿಯ ಮನೆಯಾಯಿತು. ಇವತ್ತಿಗೂ ಪ್ರವಾಸಿಗರು ಆ ಮನೆ ಹುಡುಕಿಕೊಂಡು ಬರುತ್ತಾರೆ.

ಒಂದೇ ಒಂದು ಕೊರತೆ, ಆಗುಂಬೆಗೆ ರೈಲು ಇಲ್ಲ, ಮಾಲ್ಗುಡಿಗೆ ಸ್ಟೇಷನ್ ಬೇಕೇ ಬೇಕು. ಅದಕ್ಕೆ ಶಿವಮೊಗ್ಗ ಜಿಲ್ಲೆಯದೇ ಆದ ಅರಸಾಳು ಸ್ಟೇಷನ್ ಸಿಕ್ಕಿತು. ಕಲಾ ನಿರ್ದೇಶನ ಜಾನ್ ದೇವರಾಜ್, ಕ್ಯಾಮೆರಾ ಎಸ್. ರಾಮಚಂದ್ರ, ಸಂಗೀತ ಎಲ್. ವೈದ್ಯನಾಥನ್. ಶೀರ್ಷಿಕೆಯ ರೇಖಾಚಿತ್ರ ನಾರಾಯಣ್ ಅವರ ತಮ್ಮ ಆರ್.ಕೆ. ಲಕ್ಷ್ಮಣ್ ಅವರದ್ದು. ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ತಂದೆಯಾಗಿ ಗಿರೀಶ್ ಕಾರ್ನಾಡ್, ತಾಯಿಯಾಗಿ ವೈಶಾಲಿ ಕಾಸರವಳ್ಳಿ. ಅನಂತ್‌ನಾಗ್, ವಿಷ್ಣುವರ್ಧನ್ ಅಂಥ ದೊಡ್ಡ ನಟರೂ ಬಂದು ಪಾತ್ರ ಮಾಡಿದರು. ಹಿಂದಿ ಧಾರಾವಾಹಿಯ ಕೆಲಸಗಾರರು ನೋಡಿದರೆ ಹೆಚ್ಚಿನವರು ನಮ್ಮವರೇ.

1986ರಲ್ಲಿ ‘ಮಾಲ್ಗುಡಿ ಡೇಸ್’ ದೂರದರ್ಶನದಲ್ಲಿ ಬಂತು. ಶಂಕರ್ ನಿರ್ದೇಶನದಲ್ಲಿ ಒಟ್ಟು 39 ಕಂತು. ಲೆಕ್ಕ ಹಾಕಿ, ಹದಿಮೂರರ ಮೂರು ಪಟ್ಟು. ದೆಹಲಿಯ, ಪಟ್ನಾದ ಜನ ಹೆಸರೇ ಕೇಳಿರದ ಆಗುಂಬೆಯ ಬೀದಿಯನ್ನು ತಮ್ಮ ಊರಿನ ಬೀದಿ ಅಂದುಕೊಂಡು ನೋಡಿದರು. ಮುಂಬೈಯ ದೊಡ್ಡ ಹೆಸರುಗಳೇ ಟಿವಿಯನ್ನು ಆಳುತ್ತಿದ್ದ ಕಾಲದಲ್ಲಿ ಬೆಂಗಳೂರಿನ ಒಂದು ತಂಡ ಮಲೆನಾಡಿನ ಮೂಲೆಯಲ್ಲಿ ಕೂತು ಆ ಮಟ್ಟದ ಕೆಲಸ ಮಾಡಿ ತೋರಿಸಿತು.

ಹೆಗಲು ಒಂದೇ, ಹೊರೆ ಹತ್ತು

ಗೆಲುವು ಬಂದ ಮೇಲೆ ಶಂಕರ್ ಸುಮ್ಮನೆ ಕೂರುವವರಲ್ಲ. ಒಂದು ಕಡೆ ವರ್ಷಕ್ಕೆ ಹಲವು ಸಿನಿಮಾದಲ್ಲಿ ನಟನೆ. ಇನ್ನೊಂದು ಕಡೆ ನಾಟಕ. ಸ್ಟುಡಿಯೋ ನಡೆಸಬೇಕು. ಬೆಂಗಳೂರಿನ ಹೊರಗೆ ಕಂಟ್ರಿ ಕ್ಲಬ್ ಕಟ್ಟುವ ಕೆಲಸಕ್ಕೂ ಕೈ ಹಾಕಿದರು. ಬೆಂಗಳೂರಿಗೆ ಮೆಟ್ರೊ ರೈಲು ಬೇಕು, ನಂದಿ ಬೆಟ್ಟಕ್ಕೆ ರೋಪ್‌ವೇ ಬೇಕು, ಬಡವರಿಗೆ ಕಡಿಮೆ ಖರ್ಚಿನ ಮನೆ ಬೇಕು ಅಂತ ಓಡಾಡಿದರು. ಬೆಂಗಳೂರಲ್ಲಿ ಮೆಟ್ರೊ ಓಡಿದ್ದು 2011ರಲ್ಲಿ, ಅವರು ಹೋಗಿ ಇಪ್ಪತ್ತೊಂದು ವರ್ಷದ ಮೇಲೆ.

ಇಷ್ಟಕ್ಕೆಲ್ಲ ದುಡ್ಡು ಎಲ್ಲಿಂದ? ನಟನೆಯಿಂದ ಬಂದದ್ದು ಹೊಸ ಕೆಲಸಕ್ಕೆ ಹೋಗುತ್ತಿತ್ತು, ಸಾಲದಕ್ಕೆ ಸಾಲ. ಕಮರ್ಷಿಯಲ್ ಸಿನಿಮಾಗಳನ್ನು ಒಂದರ ಹಿಂದೆ ಒಂದು ಒಪ್ಪಿಕೊಂಡದ್ದರ ಹಿಂದೆ ಈ ಲೆಕ್ಕವೂ ಇತ್ತು. ಕಲಾಭಿಮಾನಿಗಳು ಇವರ ಫೈಟಿಂಗ್ ಸಿನಿಮಾ ನೋಡಿ ಮೂಗು ಮುರಿಯುತ್ತಿದ್ದರು. ಅದೇ ಸಿನಿಮಾದ ಸಂಭಾವನೆ ನಾಟಕಕ್ಕೂ ಸ್ಟುಡಿಯೋಗೂ ಗೊಬ್ಬರ ಆಗುತ್ತಿತ್ತು.

ಈ ಲೆಕ್ಕ ತಪ್ಪಲ್ಲ. ದುಡಿಯುವ ಮನುಷ್ಯ ಇರುವ ತನಕ ಸಾಲ ತೀರುತ್ತದೆ, ಬ್ಯಾಂಕಿನವರೂ ಮುಖ ನೋಡಿ ಕೊಡುತ್ತಾರೆ. ಆದರೆ ಅಲ್ಲಿದ್ದ ಅಡಮಾನ ಒಂದೇ, ಆ ಮನುಷ್ಯನ ಜೀವ.

1990ರ ಸೆಪ್ಟೆಂಬರ್ 30

ಆ ದಿನ ‘ಜೋಕುಮಾರಸ್ವಾಮಿ’ ಚಿತ್ರದ ಚಿತ್ರೀಕರಣಕ್ಕೆ ಹೆಂಡತಿ, ಪುಟ್ಟ ಮಗಳ ಜೊತೆ ಕಾರಿನಲ್ಲಿ ಹೊರಟಿದ್ದರು. ದಾವಣಗೆರೆ ಹತ್ತಿರದ ಆನಗೋಡು ಬಳಿ ಕಾರಿಗೆ ಲಾರಿ ಡಿಕ್ಕಿಯಾಯಿತು. ಶಂಕರ್‌ನಾಗ್ ಅಲ್ಲಿಗೇ ಮುಗಿದರು. ಮೂವತ್ತಾರು ತುಂಬಲು ಇನ್ನೂ ಒಂದು ತಿಂಗಳ ಮೇಲಿತ್ತು. ಮಗು ಉಳಿಯಿತು. ಅರುಂಧತಿ ತೀವ್ರವಾಗಿ ಗಾಯಗೊಂಡು ಬಹಳ ದಿನ ಆಸ್ಪತ್ರೆಯಲ್ಲಿದ್ದರು.

ಅವರು ಎದ್ದು ಕೂರುವ ಹೊತ್ತಿಗೆ ಎದುರಿಗಿದ್ದದ್ದು ಗಂಡನ ನೆನಪು ಮಾತ್ರ ಅಲ್ಲ, ಗಂಡ ಅರ್ಧಕ್ಕೆ ಬಿಟ್ಟ ಕೆಲಸಗಳ ಸಾಲವೂ. ಅದರಿಂದ ಹೊರಬರಲು ಅವರಿಗೆ ವರ್ಷಗಳೇ ಹಿಡಿದವು.

ಮಾಲ್ಗುಡಿಯ ಕಥೆಯೂ ಅಲ್ಲೇ ನಿಂತಿತು. ನಾರಾಯಣ್ ಬರೆದ ಕಥೆಗಳು ಇನ್ನೂ ಇದ್ದವು, ನಿರ್ಮಾಪಕರು ಇದ್ದರು, ಆಗುಂಬೆಯೂ ಇತ್ತು. ಇಲ್ಲದಿದ್ದದ್ದು ಇವನ್ನೆಲ್ಲ ಒಟ್ಟಿಗೆ ಹಿಡಿದಿದ್ದ ಕೈ. ಅದೇ ಸಮಯಕ್ಕೆ ಟಿವಿಯ ಲೋಕವೂ ಬದಲಾಯಿತು. 1992ರಲ್ಲಿ ಝೀ, 1994ರಲ್ಲಿ ಉದಯ ಟಿವಿ ಬಂದವು. ಹದಿಮೂರು ಕಂತಿನ ಲೆಕ್ಕ ಹೋಗಿ ದಿನಾ ಬರುವ ಧಾರಾವಾಹಿಯ ಕಾಲ ಬಂತು. ಒಂದೊಂದು ಕಂತನ್ನೂ ಸಿನಿಮಾದಂತೆ ಹೊರಾಂಗಣದಲ್ಲಿ ತೆಗೆಯುವ ಸಂಸ್ಥೆಗಳಿಗೆ ಆ ಓಟದಲ್ಲಿ ಜಾಗ ಕಡಿಮೆಯಾಯಿತು.

2006ರಲ್ಲಿ ನರಸಿಂಹನ್ ಮತ್ತೆ ಮಾಲ್ಗುಡಿಗೆ ಜೀವ ಕೊಟ್ಟರು. ಕವಿತಾ ಲಂಕೇಶ್ ನಿರ್ದೇಶನದಲ್ಲಿ 15 ಕಂತು ಬಂತು, ಒಟ್ಟು 54 ಆಯಿತು. ಆದರೆ ಅಷ್ಟು ಹೊತ್ತಿಗೆ ಮನೆ ಮನೆಗೂ ಡಿಶ್, ಕೇಬಲ್. ಒಂದು ಟಿವಿಯ ಮುಂದೆ ಕೇರಿ ಸೇರುವ ಕಾಲ ಮುಗಿದಿತ್ತು.

ಉಳಿದದ್ದು ಏನು?

ಶಂಕರ್ ಕಟ್ಟಿದ್ದರಲ್ಲಿ ಗಟ್ಟಿಯಾಗಿ ಉಳಿದದ್ದು ದುಡ್ಡು ತರದ ಕೆಲಸವೇ, ನಾಟಕ. ಅರುಂಧತಿ ಅದನ್ನು ಒಬ್ಬರ ಆಸ್ತಿಯಾಗಿ ಇಟ್ಟುಕೊಳ್ಳಲಿಲ್ಲ. ಸಂಕೇತ್ ಟ್ರಸ್ಟ್ ಮಾಡಿ, ಹತ್ತು ಜನರನ್ನು ಸೇರಿಸಿ, ದಾನಿಗಳ ಬಾಗಿಲು ತಟ್ಟಿ, 2004ರಲ್ಲಿ ಬೆಂಗಳೂರಿನ ಜೆ.ಪಿ. ನಗರದಲ್ಲಿ ರಂಗಶಂಕರ ತೆರೆದರು. ಹೇಳಿದ ಹೊತ್ತಿಗೆ ನಾಟಕ ಶುರು, ತಡವಾಗಿ ಬಂದವರು ಯಾರೇ ಆಗಲಿ ಒಳಗೆ ಬಿಡಲ್ಲ. ಅದು ಇವತ್ತು ಒಬ್ಬರ ಜೀವದ ಮೇಲೆ ನಿಂತಿಲ್ಲ, ನಿಯಮದ ಮೇಲೆ ನಿಂತಿದೆ.

ಅರಸಾಳಿನ ಹಳೇ ಸ್ಟೇಷನ್ ಕಟ್ಟಡವನ್ನು ರೈಲ್ವೆಯವರು 2020ರಲ್ಲಿ ಮಾಲ್ಗುಡಿ ಮ್ಯೂಸಿಯಂ ಮಾಡಿದರು. ಅದನ್ನು ಸಿದ್ಧಪಡಿಸಿದ್ದು ಧಾರಾವಾಹಿಯ ಕಲಾ ನಿರ್ದೇಶಕ ಜಾನ್ ದೇವರಾಜ್ ಅವರೇ. ಆಗುಂಬೆಗೆ ಬರುವವರು ಸೂರ್ಯಾಸ್ತದ ಜೊತೆ ಮಾಲ್ಗುಡಿಯನ್ನೂ ಕೇಳುತ್ತಾರೆ.

ನಮ್ಮ ಪೇಟೆಯಲ್ಲೂ ಒಬ್ಬರ ತಲೆಯಲ್ಲೇ ಪೂರ್ತಿ ವ್ಯಾಪಾರ ಇರುವ ಅಂಗಡಿಗಳು ಎಷ್ಟಿಲ್ಲ? ಯಾರಿಂದ ಬಾಕಿ ಬರಬೇಕು, ಯಾರಿಗೆ ಕೊಡಬೇಕು, ಸಾಲದ ಕಂತು ಯಾವಾಗ ಅನ್ನೋದು ಯಜಮಾನರಿಗೆ ಮಾತ್ರ ಗೊತ್ತು. ಮನೆಯವರಿಗೆ ಗೊತ್ತಾಗುವುದು ಅವರಿಲ್ಲದ ದಿನ. ಶಂಕರ್‌ನಾಗ್ ಅಷ್ಟು ದುಡಿಯುವ, ಅಷ್ಟು ಕನಸು ಕಾಣುವ ಮನುಷ್ಯನಿಗೇ ಆ ಹೊರೆ ಹಂಚಿಕೊಡುವಷ್ಟು ಕಾಲ ಸಿಗಲಿಲ್ಲ. ಆಟೋ ಹಿಂದಿನ ಅವರ ಫೋಟೋ ನೋಡಿದಾಗ ಇದೂ ಒಮ್ಮೆ ನೆನಪಾಗಲಿ. ಲೆಕ್ಕದ ಪುಸ್ತಕ ಮನೆಯ ಇನ್ನೊಬ್ಬರ ಕೈಗೂ ಹೋಗಲಿ.