ನೀರು ಧಾತುವಲ್ಲ ಎಂದು ತೋರಿಸಿದ ಲವಾಸಿಯೆ: ಆಧುನಿಕ ರಸಾಯನಶಾಸ್ತ್ರದ ಪಿತಾಮಹನ ತಲೆ ಉರುಳಿದ್ದೇಕೆ?

1794ರ ಮೇ 8ರಂದು ಪ್ಯಾರಿಸ್‌ನ ಕ್ರಾಂತಿಕಾರಿ ನ್ಯಾಯಮಂಡಳಿ ಒಂದೇ ದಿನದಲ್ಲಿ ವಿಚಾರಣೆ ಮುಗಿಸಿ 28 ಮಂದಿ ತೆರಿಗೆ ಗುತ್ತಿಗೆದಾರರನ್ನು ಗಿಲೋಟಿನ್‌ಗೆ ಕಳುಹಿಸಿತು. ತಂಬಾಕಿಗೆ ಅತಿಯಾಗಿ ನೀರು ಬೆರೆಸಿ ತೂಕ ಹೆಚ್ಚಿಸಿದರು ಎನ್ನುವುದು ಅವರ ಮೇಲಿದ್ದ ಆರೋಪಗಳಲ್ಲಿ ಒಂದು. ಆ 28 ಮಂದಿಯಲ್ಲಿ, ನೀರು ಯಾವುದರಿಂದ ಆಗಿದೆ ಎಂಬುದನ್ನು ಜಗತ್ತಿಗೆ ಅರ್ಥ ಮಾಡಿಸಿದ ವಿಜ್ಞಾನಿಯೂ ಇದ್ದರು. ಅವರೇ ಆಂಟ್ವಾನ್ ಲವಾಸಿಯೆ. ಆಗ ಅವರಿಗೆ 50 ವರ್ಷ.

ಧಾತು ಎಂದರೇನು, ಸಂಯುಕ್ತ ಎಂದರೇನು ಎಂದು ಇಂದು ಶಾಲಾ ಮಕ್ಕಳು ಓದುವ ಪಾಠಕ್ಕೆ ತಳಪಾಯ ಹಾಕಿದವರು ಇವರು.

ವಕೀಲಿಕೆ ಬಿಟ್ಟು ಪ್ರಯೋಗಾಲಯಕ್ಕೆ

ಲವಾಸಿಯೆ ಹುಟ್ಟಿದ್ದು 1743ರ ಆಗಸ್ಟ್ 26ರಂದು, ಪ್ಯಾರಿಸ್‌ನ ಸ್ಥಿತಿವಂತ ವಕೀಲರ ಮನೆಯಲ್ಲಿ. ಐದನೇ ವಯಸ್ಸಿನಲ್ಲೇ ತಾಯಿಯನ್ನು ಕಳೆದುಕೊಂಡರು. ತಂದೆಯ ದಾರಿಯಲ್ಲೇ ಕಾನೂನು ಓದಿದರೂ ಮನಸ್ಸು ವಿಜ್ಞಾನದ ಕಡೆಗಿತ್ತು. 1768ರಲ್ಲಿ, ಕೇವಲ 24ನೇ ವಯಸ್ಸಿಗೆ, ಫ್ರಾನ್ಸ್‌ನ ವಿಜ್ಞಾನ ಅಕಾಡೆಮಿ ಅವರನ್ನು ಸೇರಿಸಿಕೊಂಡಿತು.

ಅದೇ ವರ್ಷ ಅವರು ಇನ್ನೊಂದು ನಿರ್ಧಾರ ಮಾಡಿದರು. ರಾಜನ ಪರವಾಗಿ ಉಪ್ಪು, ತಂಬಾಕು ಮುಂತಾದವುಗಳ ತೆರಿಗೆ ವಸೂಲಿ ಮಾಡುತ್ತಿದ್ದ ಫೆರ್ಮ್ ಜೆನೆರಾಲ್ ಎಂಬ ಖಾಸಗಿ ಗುತ್ತಿಗೆ ಸಂಸ್ಥೆಯಲ್ಲಿ ಪಾಲು ಖರೀದಿಸಿದರು. ಅದರಿಂದ ಬಂದ ಆದಾಯದಲ್ಲೇ ಅವರು ದುಬಾರಿ ತಕ್ಕಡಿ, ಗಾಜಿನ ಪಾತ್ರೆ, ಉಪಕರಣಗಳನ್ನು ಮಾಡಿಸಿಕೊಂಡರು. ಮುಂದೆ ಅವರ ಪ್ರಾಣಕ್ಕೆ ಎರವಾಗಿದ್ದೂ ಇದೇ ಪಾಲು.

1771ರಲ್ಲಿ ಅದೇ ಸಂಸ್ಥೆಯ ಪಾಲುದಾರ ಜಾಕ್ ಪೋಲ್ಜ್ ಅವರ ಮಗಳು ಮರಿ ಆನ್ ಜೊತೆ ಮದುವೆಯಾಯಿತು. ವರನಿಗೆ 28, ವಧುವಿಗೆ 13 ವರ್ಷ. ಮರಿ ಆನ್ ಇಂಗ್ಲಿಷ್ ಕಲಿತು ಬ್ರಿಟನ್ನಿನ ವಿಜ್ಞಾನಿಗಳ ಬರಹಗಳನ್ನು ಗಂಡನಿಗಾಗಿ ಅನುವಾದಿಸಿದರು. ಪ್ರಸಿದ್ಧ ಚಿತ್ರಕಾರ ಜಾಕ್ ಲೂಯಿ ಡೇವಿಡ್ ಅವರಿಂದ ಚಿತ್ರಕಲೆ ಕಲಿತು ಪ್ರಯೋಗದ ಉಪಕರಣಗಳ ಚಿತ್ರಗಳನ್ನೂ ಬರೆದರು.

101 ದಿನ ಕುದಿದ ನೀರು

ನಮ್ಮಲ್ಲಿ ಪಂಚಭೂತಗಳಿದ್ದಂತೆ ಗ್ರೀಕರ ಕಾಲದಿಂದ ಯುರೋಪಿನಲ್ಲಿ ಮಣ್ಣು, ನೀರು, ಗಾಳಿ, ಬೆಂಕಿ ಎಂಬ ನಾಲ್ಕು ಮೂಲಗಳ ನಂಬಿಕೆ ಇತ್ತು. ಗಾಜಿನ ಪಾತ್ರೆಯಲ್ಲಿ ನೀರನ್ನು ಬಹಳ ಕಾಲ ಕುದಿಸಿದರೆ ತಳದಲ್ಲಿ ಮಣ್ಣಿನಂಥ ಪುಡಿ ಉಳಿಯುತ್ತದೆ. ಹಾಗಾಗಿ ನೀರೇ ಮಣ್ಣಾಗಿ ಬದಲಾಗುತ್ತದೆ ಎಂದು ಹಲವರು ನಂಬಿದ್ದರು.

ಲವಾಸಿಯೆ ಇದನ್ನು ತೂಕ ಹಾಕಿ ನೋಡಿದರು. ಮುಚ್ಚಿದ ಗಾಜಿನ ಪಾತ್ರೆಯಲ್ಲಿ ನೀರನ್ನು 101 ದಿನ ಬಿಸಿ ಮಾಡಿದರು. ಕೊನೆಯಲ್ಲಿ ನೀರಿನ ತೂಕ ಕಡಿಮೆಯಾಗಿರಲಿಲ್ಲ. ಕಡಿಮೆಯಾಗಿದ್ದು ಪಾತ್ರೆಯ ತೂಕ. ಗಾಜಿನಿಂದ ಎಷ್ಟು ತೂಕ ಹೋಗಿತ್ತೋ ಹೆಚ್ಚು ಕಡಿಮೆ ಅಷ್ಟೇ ತೂಕದ ಪುಡಿ ಸಿಕ್ಕಿತ್ತು. ಅಂದರೆ ಮಣ್ಣಾಗಿದ್ದು ನೀರಲ್ಲ, ಕರಗಿದ್ದು ಗಾಜು. ಪ್ರಯೋಗಕ್ಕೆ ಮುಂಚೆ ಮತ್ತು ನಂತರ ಎಲ್ಲವನ್ನೂ ತೂಗುವ ಈ ಕ್ರಮವನ್ನು ಅವರು ಜೀವನಪೂರ್ತಿ ಬಿಡಲಿಲ್ಲ.

ಗಾಳಿ ಮಿಶ್ರಣ, ನೀರು ಸಂಯುಕ್ತ

ವಸ್ತು ಉರಿಯುವಾಗ ಅದರಿಂದ ಫ್ಲಾಜಿಸ್ಟನ್ ಎಂಬ ಏನೋ ಹೊರಹೋಗುತ್ತದೆ ಎಂಬುದು ಆಗಿನ ಸಿದ್ಧಾಂತ. ಆದರೆ ಗಂಧಕ ಮತ್ತು ರಂಜಕ ಉರಿದ ಮೇಲೆ ತೂಕ ಹೆಚ್ಚುವುದನ್ನು 1772ರಲ್ಲಿ ಲವಾಸಿಯೆ ಕಂಡುಕೊಂಡರು. ಹೊರಹೋಗುವುದಲ್ಲ, ಗಾಳಿಯಿಂದ ಏನೋ ಬಂದು ಸೇರುತ್ತಿದೆ ಎಂಬುದು ಅವರ ಅನುಮಾನವಾಗಿತ್ತು.

1774ರ ಅಕ್ಟೋಬರ್‌ನಲ್ಲಿ ಪ್ಯಾರಿಸ್‌ಗೆ ಬಂದ ಇಂಗ್ಲೆಂಡಿನ ಜೋಸೆಫ್ ಪ್ರೀಸ್ಟ್ಲಿ, ಪಾದರಸದ ಕೆಂಪು ಭಸ್ಮವನ್ನು ಕಾಯಿಸಿದಾಗ ಸಿಕ್ಕ ವಿಶೇಷ ಅನಿಲದ ಬಗ್ಗೆ ಊಟದ ಮೇಜಿನಲ್ಲಿ ಹೇಳಿದರು. ಸ್ವೀಡನ್ನಿನ ಕಾರ್ಲ್ ಶೀಲೆ ಕೂಡ ಈ ಅನಿಲವನ್ನು ಪಡೆದಿದ್ದರು. ಅದು ಏನು ಎಂದು ಸರಿಯಾಗಿ ಗುರುತಿಸಿದ್ದು ಮಾತ್ರ ಲವಾಸಿಯೆ. ಅವರು ಪಾದರಸವನ್ನು 12 ದಿನ ಕಾಯಿಸಿದರು. ಪಾತ್ರೆಯೊಳಗಿನ ಗಾಳಿಯ ಸುಮಾರು ಆರನೇ ಒಂದು ಭಾಗ ಪಾದರಸದೊಂದಿಗೆ ಸೇರಿ ಕೆಂಪು ಭಸ್ಮವಾಯಿತು. ಉಳಿದ ಗಾಳಿಯಲ್ಲಿ ದೀಪ ಆರಿಹೋಯಿತು. ಭಸ್ಮವನ್ನು ಮತ್ತಷ್ಟು ಕಾಯಿಸಿ ಅನಿಲವನ್ನು ವಾಪಸ್ ಪಡೆದು ಉಳಿದ ಗಾಳಿಗೆ ಸೇರಿಸಿದಾಗ ಮೊದಲಿನ ಗಾಳಿಯೇ ಸಿಕ್ಕಿತು. ಗಾಳಿ ಧಾತುವಲ್ಲ, ಬೇರೆ ಬೇರೆ ಅನಿಲಗಳ ಮಿಶ್ರಣ ಎಂಬುದು ಇದರಿಂದ ಸ್ಪಷ್ಟವಾಯಿತು. ಆದರೆ ಪ್ರೀಸ್ಟ್ಲಿ ಅವರಿಗೆ ಸಲ್ಲಬೇಕಾದ ಶ್ರೇಯಸ್ಸನ್ನು ಲವಾಸಿಯೆ ಸರಿಯಾಗಿ ಕೊಡಲಿಲ್ಲ ಎಂಬ ಟೀಕೆ ಇಂದಿಗೂ ಇದೆ.

ಮುಂದಿನ ಸರದಿ ನೀರಿನದು. ಲಂಡನ್‌ನಲ್ಲಿ ಹೆನ್ರಿ ಕ್ಯಾವೆಂಡಿಶ್ ಹೊತ್ತಿಕೊಳ್ಳುವ ಅನಿಲವೊಂದನ್ನು ಉರಿಸಿ ನೀರು ಪಡೆದಿದ್ದ ಸುದ್ದಿ 1783ರಲ್ಲಿ ಪ್ಯಾರಿಸ್ ತಲುಪಿತು. ಅದೇ ಜೂನ್‌ನಲ್ಲಿ ಲವಾಸಿಯೆ ಮತ್ತು ಲಾಪ್ಲಾಸ್ ಆ ಪ್ರಯೋಗವನ್ನು ಮಾಡಿ ನೋಡಿದರು. ಕಟ್ಟಿದ್ದನ್ನು ಒಡೆದೂ ತೋರಿಸಬೇಕು ಎಂಬುದು ಲವಾಸಿಯೆ ಅವರ ಹಟ. ಕೆಂಪಗೆ ಕಾದ ಕಬ್ಬಿಣದ ಬಂದೂಕಿನ ನಳಿಕೆಯೊಳಗೆ ನೀರು ಹಾಯಿಸಿದರು. ನೀರಿನಲ್ಲಿದ್ದ ಆಮ್ಲಜನಕವನ್ನು ಕಬ್ಬಿಣ ಹಿಡಿದುಕೊಂಡಿತು, ಜಲಜನಕ ಹೊರಬಂತು. 1785ರಲ್ಲಿ ಸಾಕ್ಷಿಗಳ ಎದುರು ನೀರನ್ನು ಒಡೆಯುವುದು, ಕಟ್ಟುವುದು ಎರಡನ್ನೂ ದೊಡ್ಡ ಪ್ರಮಾಣದಲ್ಲಿ ಮಾಡಿ ತೋರಿಸಿದರು.

ಮಿಶ್ರಣಕ್ಕೂ ಸಂಯುಕ್ತಕ್ಕೂ ಇರುವ ವ್ಯತ್ಯಾಸ ಇಲ್ಲೇ ಕಾಣುತ್ತದೆ. ತಂಬಾಕಿಗೆ ನೀರನ್ನು ಎಷ್ಟು ಬೇಕಾದರೂ ಬೆರೆಸಬಹುದು, ಒಣಗಿಸಿದರೆ ತಂಬಾಕು ಮತ್ತೆ ತಂಬಾಕೇ. ಅದು ಮಿಶ್ರಣ. ನೀರು ಹಾಗಲ್ಲ. ಜಲಜನಕ ತಾನೇ ಉರಿಯುತ್ತದೆ, ಆಮ್ಲಜನಕ ಉರಿಯಲು ನೆರವಾಗುತ್ತದೆ. ಎರಡೂ ಸೇರಿ ಆಗುವ ನೀರು ಬೆಂಕಿಯನ್ನು ಆರಿಸುತ್ತದೆ. ಬಾವಿಯದಾಗಲಿ ಮಳೆಯದಾಗಲಿ, 9 ಗ್ರಾಂ ಶುದ್ಧ ನೀರಿನಲ್ಲಿ ಸುಮಾರು 8 ಗ್ರಾಂ ಆಮ್ಲಜನಕ, 1 ಗ್ರಾಂ ಜಲಜನಕ ಇರುತ್ತದೆ. ಇದು ಸಂಯುಕ್ತ.

33 ಹೆಸರುಗಳ ಪಟ್ಟಿ

1787ರಲ್ಲಿ ಲವಾಸಿಯೆ ಮೂವರು ಸಹೋದ್ಯೋಗಿಗಳ ಜೊತೆ ಸೇರಿ ರಾಸಾಯನಿಕಗಳಿಗೆ ಹೊಸ ಹೆಸರಿಡುವ ಪದ್ಧತಿ ತಂದರು. ಅಲ್ಲಿಯವರೆಗೆ ಸತುವಿನ ಹೂವು ಎನ್ನಿಸಿಕೊಂಡಿದ್ದ ಬಿಳಿ ಪುಡಿ ಸತುವಿನ ಆಕ್ಸೈಡ್ ಆಯಿತು. ಸಂಯುಕ್ತದ ಹೆಸರು ಕೇಳಿದರೆ ಅದರಲ್ಲಿ ಯಾವ ಧಾತುಗಳಿವೆ ಎಂದು ತಿಳಿಯುವಂತಾಯಿತು.

1789ರಲ್ಲಿ ಅವರ ರಸಾಯನಶಾಸ್ತ್ರದ ಪಠ್ಯಪುಸ್ತಕ ಬಂತು. ಅದರಲ್ಲಿ 33 ಸರಳ ವಸ್ತುಗಳ ಪಟ್ಟಿ ಇತ್ತು. ಗೊತ್ತಿರುವ ಯಾವ ವಿಧಾನದಿಂದಲೂ ಇನ್ನಷ್ಟು ಒಡೆಯಲು ಆಗದ್ದನ್ನು ಸದ್ಯಕ್ಕೆ ಧಾತು ಎಂದು ಇಟ್ಟುಕೊಳ್ಳೋಣ ಎಂಬುದು ಅವರ ನಿಲುವು. ನಾಳೆ ಯಾರಾದರೂ ಒಡೆದರೆ ಪಟ್ಟಿ ಬದಲಾಗಲಿ ಎಂದು ಬಾಗಿಲು ತೆರೆದೇ ಇಟ್ಟಿದ್ದರು.

ತೆರಿಗೆ ಗುತ್ತಿಗೆಯ ಉರುಳು

ಪುಸ್ತಕ ಬಂದ ವರ್ಷವೇ ಫ್ರೆಂಚ್ ಕ್ರಾಂತಿ ಶುರುವಾಯಿತು. ತೆರಿಗೆ ಗುತ್ತಿಗೆದಾರರೆಂದರೆ ಜನರಿಗೆ ಮೊದಲೇ ಸಿಟ್ಟು. ಕಳ್ಳಸಾಗಣೆ ತಡೆಯಲು ಪ್ಯಾರಿಸ್ ಸುತ್ತ ಕಟ್ಟಿದ ಸುಂಕದ ಗೋಡೆಯ ಸಲಹೆ ಲವಾಸಿಯೆ ಅವರದೇ ಆಗಿತ್ತು. ಬೆಂಕಿಯ ಕುರಿತ ತನ್ನ ಸಂಶೋಧನೆಗೆ ಅಕಾಡೆಮಿಯ ಮನ್ನಣೆ ಸಿಗದ ಕಹಿಯಿದ್ದ ಕ್ರಾಂತಿಕಾರಿ ಪತ್ರಕರ್ತ ಮಾರಾ, 1791ರಲ್ಲಿ ಅವರ ವಿರುದ್ಧ ಕಟುವಾಗಿ ಬರೆದರು.

1793ರಲ್ಲಿ ಲವಾಸಿಯೆ ಹೊಸ ಮೆಟ್ರಿಕ್ ಪದ್ಧತಿಗಾಗಿ ನಿಗದಿತ ಗಾತ್ರದ ನೀರಿನ ತೂಕವನ್ನು ಅಳೆಯುವ ಕೆಲಸದಲ್ಲಿದ್ದರು. ಅದೇ ಆಗಸ್ಟ್‌ನಲ್ಲಿ ಅಕಾಡೆಮಿಯನ್ನೇ ರದ್ದು ಮಾಡಲಾಯಿತು. ನವೆಂಬರ್‌ನಲ್ಲಿ ಬಂಧನದ ಆದೇಶ ಹೊರಬಿದ್ದಾಗ ಅವರು ತಾವಾಗಿಯೇ ಶರಣಾದರು. ಮರಿ ಆನ್ ಬಿಡುಗಡೆಗಾಗಿ ಮಾಡಿದ ಪ್ರಯತ್ನ ಫಲಿಸಲಿಲ್ಲ. ಮೇ 8ರಂದು ಅವರ ತಂದೆ ಮತ್ತು ಗಂಡ ಇಬ್ಬರೂ ಗಿಲೋಟಿನ್‌ಗೆ ಬಲಿಯಾದರು.

ಸ್ವಲ್ಪ ದಿನದಲ್ಲೇ ಮರಿ ಆನ್ ಕೂಡ ಜೈಲು ಸೇರಿ 65 ದಿನ ಅಲ್ಲಿದ್ದರು. ಬಿಡುಗಡೆಯಾದ ಮೇಲೆ ಜಪ್ತಿಯಾಗಿದ್ದ ಆಸ್ತಿಯನ್ನು ವಾಪಸ್ ಪಡೆದರು, ಗಂಡನ ಕೊನೆಯ ಲೇಖನಗಳನ್ನು ಪುಸ್ತಕವಾಗಿ ತಂದರು. 1836ರವರೆಗೆ ಬದುಕಿದ್ದ ಅವರು ಮರುಮದುವೆಯಾದರೂ ಲವಾಸಿಯೆ ಹೆಸರನ್ನು ಬಿಡಲಿಲ್ಲ.

ತಿದ್ದುಪಡಿಯಾದ ಪಟ್ಟಿ

ಲವಾಸಿಯೆ ಅವರ 33ರಲ್ಲಿ ಇಂದಿಗೂ ಧಾತುಗಳಾಗಿ ಉಳಿದಿರುವುದು 23. ಬೆಳಕು ಮತ್ತು ಶಾಖವನ್ನೂ ಅವರು ಪಟ್ಟಿಗೆ ಸೇರಿಸಿದ್ದರು. ಅವು ವಸ್ತುಗಳೇ ಅಲ್ಲ. ಅವರು ಧಾತು ಎಂದುಕೊಂಡಿದ್ದ ಸುಟ್ಟ ಸುಣ್ಣ, ಮೆಗ್ನೀಷಿಯಾ, ಸಿಲಿಕಾ ಎಲ್ಲವೂ ಸಂಯುಕ್ತಗಳು. ಇಂಗ್ಲೆಂಡಿನ ಹಂಫ್ರಿ ಡೇವಿ 1808ರಲ್ಲಿ ವಿದ್ಯುತ್ ಬಳಸಿ ಸುಣ್ಣದಿಂದ ಕ್ಯಾಲ್ಸಿಯಂ ಹೊರತೆಗೆದರು. ಇಂದಿನ ಪಟ್ಟಿಯಲ್ಲಿ 118 ಧಾತುಗಳಿವೆ.

ಅವರ ಇನ್ನೊಂದು ತಪ್ಪು ಕನ್ನಡದಲ್ಲೂ ಉಳಿದುಕೊಂಡಿದೆ. ಎಲ್ಲ ಆಮ್ಲಗಳಲ್ಲೂ ಆಕ್ಸಿಜನ್ ಇರುತ್ತದೆ ಎಂದು ಭಾವಿಸಿ, ಆಮ್ಲವನ್ನು ಹುಟ್ಟಿಸುವುದು ಎಂಬ ಅರ್ಥದಲ್ಲಿ ಅವರು ಆ ಹೆಸರಿಟ್ಟಿದ್ದರು. ಹೈಡ್ರೋಕ್ಲೋರಿಕ್ ಆಮ್ಲದಲ್ಲಿ ಆಕ್ಸಿಜನ್ ಇಲ್ಲವೇ ಇಲ್ಲ ಎಂಬುದು ನಂತರ ತಿಳಿಯಿತು. ಅಷ್ಟರಲ್ಲಿ ಹೆಸರು ಬೇರೂರಿತ್ತು. ಕನ್ನಡದ ಆಮ್ಲಜನಕ ಅದೇ ಅರ್ಥದ ಪದ. ನೀರನ್ನು ಹುಟ್ಟಿಸುವುದು ಎಂಬ ಅರ್ಥದ ಜಲಜನಕ ಮಾತ್ರ ಇಂದಿಗೂ ಸರಿಯಾಗಿಯೇ ಇದೆ.